ಐವತ್ತು ಸೆಕೆಂಡು ಹಿಂದಿದ್ದ ಅಣ್ಣ

ನನ್ನ ಅಣ್ಣ ರಾಯ್ಸ್ ನವೆಂಬರ್ ತಿಂಗಳ ಒಂದು ಮಂಗಳವಾರ ಬೆಳಿಗ್ಗೆ ತೀರಿಕೊಂಡ. ಅದಕ್ಕೆ ಮೂರು ದಿನ ಮುಂಚೆ, ಶನಿವಾರ ಮಧ್ಯಾಹ್ನ, ನಾನು ಅವನಿಗೊಂದು ಸುಳ್ಳು ಹೇಳಿದೆ. ನಮ್ಮೂರಿನಲ್ಲಿ ಸುಳ್ಳು ಹೇಳುವುದೇನು ದೊಡ್ಡ ಸಂಗತಿಯಲ್ಲ. ಹಿಡಿದ ಮೀನಿನ ಉದ್ದ, ಎಕರೆಗೆ ಬಂದ ಮೆಕ್ಕೆಜೋಳ, ಡಾಕ್ಟರು ಬಿಡಬೇಕೆಂದ ಸಿಗರೇಟು, ಇವುಗಳ ಬಗ್ಗೆ ಪಾದ್ರಿ ಕೂಡ ಹೆಚ್ಚುಕಡಿಮೆ ಮಾಡಿಯೇ ಮಾತಾಡುತ್ತಾನೆ. ಆದರೆ ಟೋಲ್ಬರ್ಟ್ ಕಾಲೇಜಿನ ಫುಟ್‌ಬಾಲ್ ತಂಡ ಗೆದ್ದಿತೋ ಸೋತಿತೋ ಎಂಬ ವಿಷಯದಲ್ಲಿ ಇಲ್ಲಿ ಯಾರೂ ಸುಳ್ಳು ಹೇಳುವುದಿಲ್ಲ. ಹೇಳಿದರೂ ದಕ್ಕುವುದಿಲ್ಲ. ಕಿರಾಣಿ ಅಂಗಡಿಯ ಸಾಲಿನಲ್ಲಿ ನಿಂತ ಎಂಬತ್ತರ ಮುದುಕಿ ಇಪ್ಪತ್ತು ವರ್ಷದ ಹಿಂದಿನ ಅಂಕ ಒಪ್ಪಿಸಿ ಬಾಯಿ ಮುಚ್ಚಿಸುತ್ತಾಳೆ.

ನನ್ನ ಹೆಸರು ಆರ್ಡಿಸ್. ನೆಬ್ರಾಸ್ಕಾದ ಈ ಮೂಲೆಯಲ್ಲಿ ಇಪ್ಪತ್ತೆಂಟು ವರ್ಷ ಶಾಲೆಯ ಬಸ್ಸು ಓಡಿಸಿದವಳು ನಾನು. ನಲವತ್ತು ಮಕ್ಕಳ ಗಲಾಟೆಯ ನಡುವೆ ಎಂಜಿನ್ನಿನ ಸಣ್ಣ ಕೊರಗನ್ನೂ ಹಿಡಿಯುತ್ತಿದ್ದ ಕಿವಿ ನನ್ನದು. ಅದಕ್ಕೇ ಆಟ ನೋಡುವುದಕ್ಕಿಂತ ಕೇಳುವುದೇ ನನಗೆ ಇಷ್ಟ. ನಮ್ಮ ಕಡೆ ಬಹಳ ಜನ ಹಾಗೆಯೇ. ದೊಡ್ಡ ವಿಶ್ವವಿದ್ಯಾಲಯದ ಆಟ ಟಿವಿಯಲ್ಲಿ ಬಂದರೆ ಟಿವಿಯ ಬಾಯಿ ಮುಚ್ಚಿಸಿ ರೇಡಿಯೋ ಹಚ್ಚುತ್ತೇವೆ. ಟಿವಿಯವರು ಎರಡೂ ಕಡೆಗೆ ನ್ಯಾಯ ಹೇಳುತ್ತಾರೆ. ಅಂಥ ನ್ಯಾಯ ಯಾರಿಗೆ ಬೇಕು? ಟೋಲ್ಬರ್ಟ್ ಚಿಕ್ಕ ಕಾಲೇಜು, ಟಿವಿಗೆ ಬರುವುದೇ ಇಲ್ಲ. ಅದಕ್ಕೆ ನಮ್ಮೂರ ಪುಟ್ಟ ರೇಡಿಯೋ ಸ್ಟೇಷನ್ನೇ ಗತಿ, ಅದರಲ್ಲಿ ಲೈಲ್ ಪ್ರೆಂಟಿಸ್‌ನ ಧ್ವನಿಯೇ ಗತಿ. ಲೈಲ್ ಇಪ್ಪತ್ತಮೂರನೇ ವಯಸ್ಸಿನಲ್ಲಿ ಮೈಕಿನ ಮುಂದೆ ಕೂತವನು ಎಪ್ಪತ್ತು ದಾಟಿದರೂ ಎದ್ದಿಲ್ಲ. ಶನಿವಾರ ಮಧ್ಯಾಹ್ನ ಒಂದು ಗಂಟೆಗೆ ಹೊಲದಲ್ಲಿ ಜೋಳ ಕೊಯ್ಯುವ ಯಂತ್ರದೊಳಗೆ, ಕ್ಷೌರದಂಗಡಿಯಲ್ಲಿ, ಎಲ್ಲ ಕಡೆ ಅವನದೇ ಮಾತು. ನಾವು ಗೆದ್ದರೆ ಮನೆಮನೆಯಿಂದ ಜನ ಓಡಿಬಂದು, ಅಂಗಳದಲ್ಲಿ ನಿಂತ ಗಾಡಿಗಳ ಹಾರನ್ನು ಒತ್ತುತ್ತಾರೆ. ಇದು ನನ್ನಪ್ಪನ ಕಾಲದ ಪದ್ಧತಿ. ಸೋತರೆ ಊರು ಸತ್ತಂತಿರುತ್ತದೆ. ಆವತ್ತು ಮನೆಯೊಳಗಿದ್ದ ಬಾಣಂತಿಗೂ ಹಾರನ್ನಿನಿಂದಲೇ ಫಲಿತಾಂಶ ಗೊತ್ತಾಗುತ್ತದೆ.

ಈಗ ಕಾಲೇಜಿನವರು ಫೋನಿನಲ್ಲಿ ಕೇಳುವ ಆಪ್ ಮಾಡಿಸಿದ್ದಾರೆ. ಲೈಲ್‌ನ ಅದೇ ಮಾತು ಜಗತ್ತಿನ ಯಾವ ಮೂಲೆಯಲ್ಲಾದರೂ ಕೇಳುತ್ತದೆ. ಒಂದೇ ಕೊರತೆ, ಮಾತು ಎಲ್ಲೆಲ್ಲಿಯೋ ಸುತ್ತಿಕೊಂಡು ಬರುವುದರಿಂದ ರೇಡಿಯೋಗಿಂತ ಐವತ್ತು ಸೆಕೆಂಡು ತಡ. ಯಾಕೆ ತಡ ಎಂದು ಕಾಲೇಜಿನ ಹುಡುಗನೊಬ್ಬ ನನಗೆ ಕಾಲು ಗಂಟೆ ವಿವರಿಸಿದ. ಕೊನೆಗೆ ಅವನಿಗೂ ಗೊತ್ತಿಲ್ಲ ಎನ್ನುವುದಷ್ಟೇ ನನಗೆ ಗೊತ್ತಾಯಿತು.

ಆ ಐವತ್ತು ಸೆಕೆಂಡಿನ ಹಿಂದೆ ಇದ್ದವನು ನನ್ನ ಅಣ್ಣ.

ರಾಯ್ಸ್ ನನಗಿಂತ ನಾಲ್ಕು ವರ್ಷ ದೊಡ್ಡವನು. ಟೋಲ್ಬರ್ಟ್ ತಂಡದಲ್ಲೇ ಆಡಿದವನು. ನಮ್ಮ ಫುಟ್‌ಬಾಲ್ ಎಂದರೆ ಚೆಂಡನ್ನು ಕೈಯಲ್ಲಿ ಹಿಡಿದು ಎದುರಾಳಿಯ ಗೆರೆ ದಾಟಿಸುವ ಆಟ. ನಲವತ್ತೆಂಟು ವರ್ಷದ ಹಿಂದೆ, ಅವನ ಕೊನೆಯ ಆಟ ಗ್ರಾನ್‌ವಿಕ್ ಕಾಲೇಜಿನ ಮೇಲೆ. ಗ್ರಾನ್‌ವಿಕ್ ಎಂದರೆ ನಮಗೆ ಆಗಲೂ ಆಗದು, ಈಗಲೂ ಆಗದು. ಆಟ ಮುಗಿಯಲು ಅರೆ ನಿಮಿಷ ಇರುವಾಗ ಚೆಂಡು ಗಾಳಿಯಲ್ಲಿ ಬಂದು ನೇರ ರಾಯ್ಸ್‌ನ ಎರಡು ಕೈಗೆ ಬಿತ್ತು. ಗೆರೆ ದಾಟಿಯೇ ನಿಂತಿದ್ದ, ಹತ್ತಿರ ಒಬ್ಬನೂ ಇರಲಿಲ್ಲ. ಹಿಡಿದುಕೊಂಡರೆ ಗೆದ್ದಂತೆ. ಅವನು ಬಿಟ್ಟುಬಿಟ್ಟ. ಆಗಷ್ಟೇ ಕೆಲಸಕ್ಕೆ ಸೇರಿದ್ದ ಲೈಲ್ ರೇಡಿಯೋದಲ್ಲಿ ಮೂರು ಸಲ "ಕೈಲಿತ್ತು" ಎಂದ. ಆ ಮಾತು ಊರಲ್ಲಿ ಉಳಿದುಬಿಟ್ಟಿತು.

ನಮ್ಮೂರಿನವರು ಕೆಟ್ಟವರಲ್ಲ, ಆದರೆ ಮರೆಯುವವರೂ ಅಲ್ಲ. ಹಾರ್ಡ್‌ವೇರ್ ಅಂಗಡಿಯಲ್ಲಿ ಮೊಳೆಯ ಪೊಟ್ಟಣ ಕೊಡುವವನು ಕೈಗೆ ಕೊಡದೆ "ಹಿಡ್ಕೋ ರಾಯ್ಸ್" ಎಂದು ಎಸೆಯುತ್ತಿದ್ದ. ಎದುರು ಮನೆಯ ಹಾರ್ಲನ್ ಬೆಕ್, ಅದೇ ತಂಡದಲ್ಲಿ ಜೊತೆಗೆ ಆಡಿದವನು, ನನ್ನ ಮದುವೆಯ ಊಟದಲ್ಲಿ ಬ್ರೆಡ್ಡಿನ ಉಂಡೆ ಎಸೆದು ಅದೇ ಮಾತು ಹೇಳಿದ. ಎಲ್ಲರೂ ನಕ್ಕರು. ರಾಯ್ಸ್ ಎಲ್ಲರಿಗಿಂತ ಜೋರಾಗಿ ನಕ್ಕ. ಆ ನಗು ಎಂಥದು ಎಂದು ತಂಗಿಯಾದ ನನಗೆ ಗೊತ್ತಿತ್ತು. ಮೂವತ್ತು ತುಂಬುತ್ತಲೇ ಅರಿಜೋನಾಕ್ಕೆ ಹೋಗಿ, ಅಲ್ಲಿ ಮನೆಗಳಿಗೆ ಏಸಿ ಹಾಕುವ ಕೆಲಸ ಹಿಡಿದ. ಚಳಿ ತಡೆಯುವುದಿಲ್ಲ ಎಂದು ನೆಪ ಹೇಳಿದ. ಡೆನಿಸ್ ಎನ್ನುವ ಒಳ್ಳೆಯ ಹೆಂಗಸನ್ನು ಮದುವೆಯಾದ. ಅವಳಿಗೆ ಫುಟ್‌ಬಾಲ್ ಎಂದರೆ ಗಂಡಸರು ಒಬ್ಬರ ಮೇಲೊಬ್ಬರು ಬೀಳುವುದು, ಅಷ್ಟೇ.

ಹೋದ ಬೇಸಿಗೆಯಲ್ಲಿ ಅವನ ಹೊಟ್ಟೆಯಲ್ಲಿ ಗಡ್ಡೆ ಇದೆ ಎಂದರು. ಸೆಪ್ಟೆಂಬರ್ ಹೊತ್ತಿಗೆ ಆಸ್ಪತ್ರೆ ಬೇಡ, ಮನೆಯಲ್ಲೇ ಇರಲಿ ಎಂದರು. ಅಂದರೆ ಏನೆಂದು ನಮಗೆಲ್ಲ ಅರ್ಥವಾಯಿತು. ಅವನೇ ಫೋನು ಮಾಡಿ ತಿಳಿಸಿದ. ಅಳು ನುಂಗಿಕೊಂಡು ನಾನು ಏನು ಬೇಕು ನಿನಗೆ ಎಂದು ಕೇಳಿದೆ. ಅವನು ಸ್ವಲ್ಪವೂ ಯೋಚಿಸಲಿಲ್ಲ.

"ನವೆಂಬರ್‌ವರೆಗೆ ಇರ್ಬೇಕು ಕಣೇ. ಗ್ರಾನ್‌ವಿಕ್ ಸೋಲೋದು ಕೇಳಿಸ್ಕೊಂಡು ಹೋಗ್ತೀನಿ. ಆಮೇಲೆ ಯಾವನು ಬಂದು ಕರೆದ್ರೂ ಸರಿ."

ಗ್ರಾನ್‌ವಿಕ್ಕನ್ನು ನಾವು ಸೋಲಿಸಿ ಹದಿನೇಳು ವರ್ಷವಾಗಿತ್ತು. ಆದರೆ ಈ ಸಲ ತಂಡ ಚೆನ್ನಾಗಿತ್ತು. ಮುಖ್ಯವಾಗಿ ಚೆಂಡು ಒದೆಯುವ ಹುಡುಗ ಚೆನ್ನಾಗಿದ್ದ. ಆ ಎರಡು ಎತ್ತರದ ಕಂಬಗಳ ನಡುವೆ ಒದ್ದರೆ ಮೂರು ಅಂಕ ಸಿಗುತ್ತದಲ್ಲ, ಅದರಲ್ಲಿ ಅವನು ಇಡೀ ವರ್ಷ ಎರಡೇ ಸಲ ತಪ್ಪಿದ್ದ. ಅವನು ಕೋಲ್ಬಿ ಬೆಕ್, ಎದುರು ಮನೆಯ ಹಾರ್ಲನ್‌ನ ಮೊಮ್ಮಗ. ಚಿಕ್ಕವನಾಗಿದ್ದಾಗ ನನ್ನ ಬಸ್ಸಿನಲ್ಲೇ ಬರುತ್ತಿದ್ದ. ಮಾತು ಕಡಿಮೆ, ಇಳಿಯುವಾಗ ಪ್ರತಿ ದಿನ ಥ್ಯಾಂಕ್ಸ್ ಹೇಳುತ್ತಿದ್ದ ಒಂದೇ ಮಗು.

ಆ ಸೆಪ್ಟೆಂಬರ್‌ನಿಂದ ರಾಯ್ಸ್ ಮತ್ತು ನಾನು ಪ್ರತಿ ಶನಿವಾರ ಜೊತೆಗೆ ಆಟ ಕೇಳತೊಡಗಿದೆವು. ಮೊದಲ ಸಲ ನಾನು ಫೋನನ್ನು ರೇಡಿಯೋ ಪಕ್ಕದಲ್ಲಿಟ್ಟೆ. ಲೈಲ್ ಡಬ್ಬದೊಳಗೆ ಕೂತು ಕೆಮ್ಮಿದ ಹಾಗಿದೆ, ಏನೂ ತಿಳಿಯುವುದಿಲ್ಲ ಎಂದು ಅವನು ರೇಗಿದ. ಆಮೇಲೆ ಡೆನಿಸ್ ಅವನ ಹಾಸಿಗೆಯ ಮೇಲೆ ಟ್ಯಾಬ್ಲೆಟ್ಟಿನಲ್ಲಿ ಆಪ್ ಹಚ್ಚಿಟ್ಟಳು. ಅವನು ಅದರಲ್ಲಿ ಕೇಳುತ್ತಿದ್ದ, ನಾನು ನನ್ನ ಅಡುಗೆಮನೆಯ ರೇಡಿಯೋದಲ್ಲಿ. ರೇಡಿಯೋದ ಸದ್ದು ಅವನಿಗೆ ಹೋಗಬಾರದೆಂದು ಅದಕ್ಕೆ ತಂತಿ ಸಿಕ್ಕಿಸಿ ಎಡಗಿವಿಗೆ ಇಟ್ಟುಕೊಂಡೆ. ಬಲಗಿವಿಗೆ ಫೋನು. ಎಡಗಿವಿಯಲ್ಲಿ ಈಗಿನ ಆಟ, ಬಲಗಿವಿಯಲ್ಲಿ ಅಣ್ಣನ ಉಸಿರು, ಅದರ ಹಿಂದೆ ಸಣ್ಣಗೆ ಐವತ್ತು ಸೆಕೆಂಡು ಹಳೆಯ ಆಟ.

ನಿಯಮ ಮಾಡಿದವನು ಅವನೇ. ಮೊದಲು ಕೇಳಿಸಿಕೊಂಡವಳು ನಾನಾದ್ದರಿಂದ ಬಾಯಿಗೆ ಬೀಗ ಹಾಕಿಕೊಂಡಿರಬೇಕು. ಅವನಿಗೆ ಮುಟ್ಟುವವರೆಗೆ ಹೂಂ ಕೂಡ ಅನ್ನಬಾರದು. ಅವನೂ ಕೇಳಬಾರದು. ಇದು ಹೇಳಿದಷ್ಟು ಸುಲಭವಲ್ಲ. ನಮ್ಮವರು ಅಂಕ ಗಳಿಸಿರುತ್ತಾರೆ, ನನಗೆ ಮೇಜು ಗುದ್ದಬೇಕು ಅನಿಸುತ್ತದೆ, ಅವನು ಆ ಕಡೆ ಇನ್ನೂ ಹಿಂದಿನ ಆಟಗಾರನಿಗೆ ಬೈಯುತ್ತಿರುತ್ತಾನೆ. ನಾನು ಏಪ್ರನ್ನಿನ ತುದಿ ಕಚ್ಚಿಕೊಂಡು ಕೂರುತ್ತಿದ್ದೆ. ಆದರೆ ಅವನು ಘಾಟಿ, ನನ್ನ ಉಸಿರಿನಲ್ಲೇ ಓದಿಬಿಡುತ್ತಿದ್ದ.

"ಯಾಕೇ ಉಸಿರು ಬಿಗಿ ಹಿಡಿದೆ? ಏನೋ ಆಗಿದೆ ಅಲ್ಲಿ. ನಿನ್ನ ಹತ್ರ ಗುಟ್ಟು ಇಡೋದೂ ಒಂದೇ, ಲೈಲ್ ಕೈಗೆ ಮೈಕ್ ಕೊಡೋದೂ ಒಂದೇ."

"ಮುಚ್ಕೊಂಡು ಕೇಳು" ಎನ್ನುತ್ತಿದ್ದೆ ನಾನು. ಇಬ್ಬರೂ ನಗುತ್ತಿದ್ದೆವು. ಅಣ್ಣ ತಂಗಿ ಅಷ್ಟು ಮಾತಾಡಿ ನಲವತ್ತು ವರ್ಷವಾಗಿತ್ತು. ಕ್ರಿಸ್ಮಸ್ಸಿಗೆ ಒಂದು ಕಾರ್ಡು, ಹುಟ್ಟುಹಬ್ಬಕ್ಕೊಂದು ಫೋನು, ಅಷ್ಟರಲ್ಲೇ ಕಾಲ ಕಳೆದುಬಿಟ್ಟಿದ್ದೆವು. ಸಾಯುವ ಹೊತ್ತಿಗೆ ಸಿಕ್ಕ ಅಣ್ಣ ಎಂದು ನನಗೆ ಸಿಟ್ಟು ಬರುತ್ತಿತ್ತು. ಯಾರ ಮೇಲೆ ಎಂದು ಗೊತ್ತಾಗುತ್ತಿರಲಿಲ್ಲ.

ಅಕ್ಟೋಬರಿನಲ್ಲಿ ಅವನ ಬೈಗುಳ ಕಡಿಮೆಯಾಯಿತು. ಆಮೇಲೆ ನಗುವೂ ಕಡಿಮೆಯಾಯಿತು. ಕೈಯಲ್ಲಿ ಬಲವಿಲ್ಲ, ನೀರಿನ ಲೋಟವನ್ನೂ ತಾನೇ ಹಿಡಿಸಬೇಕು ಎಂದು ಡೆನಿಸ್ ಫೋನಿನಲ್ಲಿ ಹೇಳಿದಳು. ಗ್ರಾನ್‌ವಿಕ್ ಆಟಕ್ಕೆ ಇನ್ನೂ ಎಂಟು ದಿನ ಇತ್ತು. ನರ್ಸು ನಾಲ್ಕೋ ಐದೋ ದಿನ ಎಂದಿದ್ದಳು. ನಾನು ಹೊರಟು ಬರುತ್ತೇನೆ ಎಂದೆ. ಅದನ್ನು ಕೇಳಿಸಿಕೊಂಡ ರಾಯ್ಸ್ ಹಾಸಿಗೆಯಿಂದಲೇ ಬೇಡ ಎಂದ. ನಾನು ಅಲ್ಲಿಗೆ ಬಂದರೆ ಊರಿನಲ್ಲಿ ಕೂತು ಅವನಿಗಾಗಿ ಕೇಳುವವರು ಯಾರು ಎಂದು ಕೇಳಿದ. ನಾನು ಹೊರಡಲಿಲ್ಲ. ಈಗ ಯೋಚಿಸಿದರೆ ಹೋಗಬೇಕಿತ್ತು ಅನಿಸುತ್ತದೆ.

ಅವನು ಎಂಟು ದಿನ ಉಳಿದ. ಹಟಕ್ಕೆ ಉಳಿದ.

ಆಟ ಗ್ರಾನ್‌ವಿಕ್‌ನಲ್ಲಿ, ನಮ್ಮೂರಿಂದ ನಾಲ್ಕು ಗಂಟೆಯ ದಾರಿ. ಅರ್ಧ ಊರು ಅಲ್ಲಿಗೆ ಹೋಗಿತ್ತು. ಉಳಿದರ್ಧ ರೇಡಿಯೋ ಮುಂದೆ. ಹಾರ್ಲನ್ ಹೋಗಿರಲಿಲ್ಲ. ಹದಿನೇಳು ವರ್ಷದ ಹಿಂದೆ ನಾವು ಗೆದ್ದಾಗ ಅವನು ತನ್ನ ಪಿಕಪ್ ಗಾಡಿಯೊಳಗೆ ಕೂತು ಕೇಳಿದ್ದನಂತೆ. ಅಂದಿನಿಂದ ಗ್ರಾನ್‌ವಿಕ್ ಆಟ ಬಂದರೆ ಮನೆಯೊಳಗೆ ಬೆಚ್ಚಗೆ ಸೋಫಾ ಇದ್ದರೂ ಗಾಡಿಯಲ್ಲೇ ಕೂರುತ್ತಾನೆ. ಈ ಸಲ ಮೊಮ್ಮಗನೇ ಆಡುವವನು, ಗಾಡಿಯಿಂದ ಇಳಿಯುವ ಮಾತೇ ಇಲ್ಲ. ನನ್ನ ಅಡುಗೆಮನೆಯ ಕಿಟಕಿಯಿಂದ ಅವನ ಟೋಪಿ ಕಾಣುತ್ತಿತ್ತು. ಚಳಿಯಿರಲಿಲ್ಲ, ಕಿಟಕಿ ತೆರೆದೇ ಇತ್ತು.

ರಾಯ್ಸ್ ಆವತ್ತು ಹೆಚ್ಚು ಮಾತಾಡಲಿಲ್ಲ. ಮೊದಲರ್ಧದಲ್ಲಿ ಒಂದು ಸಲ ನಿದ್ದೆ ಹೋದ. ನಾನು ಎಡಗಿವಿಯಲ್ಲಿ ಆಟ ಕೇಳುತ್ತ, ಬಲಗಿವಿಯಲ್ಲಿ ಅವನ ಉಸಿರು ಎಣಿಸುತ್ತ ಕೂತೆ. ಎಚ್ಚರವಾದಾಗ ಎಷ್ಟಾಯಿತು ಎಂದು ಕೇಳಿದ. ಅದು ಅವನ ಕಡೆಗೂ ಹಳೆಯದಾಗಿದ್ದ ಅಂಕವಾದ್ದರಿಂದ ಹೇಳಿದೆ. ಕೊನೆಯ ಐದು ನಿಮಿಷ ಇರುವಾಗ ಗ್ರಾನ್‌ವಿಕ್ ಇಪ್ಪತ್ತು, ನಾವು ಹದಿನೆಂಟು. ಚೆಂಡು ನಮ್ಮ ಕೈಯಲ್ಲಿ. ನಮ್ಮ ಹುಡುಗರು ಹೆಜ್ಜೆ ಹೆಜ್ಜೆ ಮುಂದಕ್ಕೆ ಒತ್ತಿಕೊಂಡು ಹೋದರು. ಗಡಿಯಾರದಲ್ಲಿ ನಾಲ್ಕು ಸೆಕೆಂಡು ಉಳಿದಾಗ ಆಟ ನಿಲ್ಲಿಸಿ ಕೋಲ್ಬಿಯನ್ನು ಕರೆದರು. ಕಂಬಗಳ ನಡುವೆ ಒದ್ದರೆ ಇಪ್ಪತ್ತೊಂದು, ನಾವು ಗೆದ್ದಂತೆ. ಅವನು ಇಡೀ ವರ್ಷ ಇದಕ್ಕಿಂತ ದೂರದಿಂದ ಒದ್ದು ಗೆಲ್ಲಿಸಿದ್ದ. ರಾಯ್ಸ್ ಕಡೆ ಇನ್ನೂ ಹಿಂದಿನ ಓಟ ನಡೆಯುತ್ತಿತ್ತು. ಮಂಚದ ಮೇಲೆ ಅವನು ಸರಿದು ಕೂರಲು ನೋಡಿದ ಸದ್ದು ಬಂತು. ಅಷ್ಟರಲ್ಲಿ ಅವರ ಮನೆಯ ಬಾಗಿಲ ಗಂಟೆ ಕೇಳಿಸಿತು. ಔಷಧಿ ತಂದವರು ಇರಬೇಕು, ಡೆನಿಸ್ ಈಗ ಬಂದೆ ಎಂದು ಎದ್ದು ಹೋದಳು.

ನನ್ನ ಎಡಗಿವಿಯಲ್ಲಿ ಲೈಲ್ ಮೆಲ್ಲನೆ ಹೇಳುತ್ತಿದ್ದ. ಚೆಂಡು ಹಿಂದಕ್ಕೆ ಬಂತು. ಇಟ್ಟರು. ಕೋಲ್ಬಿ ಒದ್ದ. ಎತ್ತರ ಇದೆ, ಬಲ ಇದೆ. ಆಮೇಲೆ ಲೈಲ್ "ಎಡಕ್ಕೆ" ಎಂದ. "ಎಡಕ್ಕೆ ಹೋಯ್ತು" ಎಂದ. ಆಮೇಲೆ ಏನೂ ಹೇಳಲಿಲ್ಲ, ಗ್ರಾನ್‌ವಿಕ್ ಜನರ ಕೇಕೆ ಮಾತ್ರ ಕೇಳುತ್ತಿತ್ತು.

ನಾನು ಉಸಿರನ್ನು ಹೇಗಿತ್ತೋ ಹಾಗೇ ಇಟ್ಟುಕೊಂಡೆ. ಅವನು ಓದಬಾರದು ಎಂದು ಅಷ್ಟೊಂದು ಜಾಗ್ರತೆ ಮಾಡಿದೆ. ಕಣ್ಣು ಮಾತ್ರ ಕಿಟಕಿಯ ಕಡೆ ಹೋಯಿತು. ಎದುರುಗಡೆ ಹಾರ್ಲನ್‌ನ ಟೋಪಿ ನಿಧಾನವಾಗಿ ಮುಂದಕ್ಕೆ ಬಾಗಿತು. ಅವನ ಹಣೆ ಸ್ಟೀರಿಂಗ್ ಮೇಲೆ ಬಿತ್ತು, ಗಾಡಿಯ ಹಾರನ್ನು ಒತ್ತಿಕೊಂಡಿತು. ಅವನು ಎತ್ತಲಿಲ್ಲ. ಉದ್ದಕ್ಕೆ ಕೂಗಿಕೊಂಡೇ ಇತ್ತು.

"ಹಾರನ್ನು" ಎಂದ ರಾಯ್ಸ್.

ನಾನು ಫೋನಿಗೆ ಕೈ ಅಡ್ಡ ಹಿಡಿದೆ, ಆಗಲೇ ತಡವಾಗಿತ್ತು.

"ಹಾರನ್ನು ಹೊಡೀತಿದಾರೆ. ಆರ್ಡಿಸ್, ಗೆದ್ವಾ?"

ನಿಯಮ ಮುರಿದವನು ಅವನು. ಅವನ ದನಿಯನ್ನು ಹೇಗೆ ಹೇಳಲಿ? ಒಂದು ತಿಂಗಳಿಂದ ಸವೆದು ಸವೆದು ಹೋಗಿದ್ದ ದನಿ, ಆ ಕ್ಷಣಕ್ಕೆ ಇಪ್ಪತ್ತೆರಡು ವರ್ಷದ ಹುಡುಗನ ದನಿಯಾಗಿತ್ತು. ಇಲ್ಲ, ಅದು ಹಾರ್ಲನ್‌ನ ಹಣೆ ಎಂದು ಹೇಳುವ ಎದೆ ನನಗಿರಲಿಲ್ಲ.

"ಗೆದ್ವಿ ಕಣೋ" ಎಂದೆ. "ಕೋಲ್ಬಿ ಒದ್ದ, ಮಧ್ಯಕ್ಕೇ ಹೋಯ್ತು. ಗೆದ್ವಿ."

ಅವನು ಅಳತೊಡಗಿದ. ಅಪ್ಪ ಸತ್ತಾಗಲೂ ಅಳದವನು. ನಾನು ಮೇಲಿಂದ ಮೇಲೆ ಮಾತಾಡಿದೆ, ಊರೆಲ್ಲ ಬೀದಿಗೆ ಬಂದಿದೆ ಎಂದೆ, ಆ ಟ್ಯಾಬ್ಲೆಟ್ಟನ್ನು ಆರಿಸಿಬಿಡು, ಇನ್ನು ಕೇಳುವುದೇನಿದೆ, ನನ್ನ ಜೊತೆ ಮಾತಾಡು ಎಂದೆ. ಹೇಳುತ್ತಿರುವಾಗಲೇ ನೆನಪಾಯಿತು, ಅವನ ಬೆರಳಿಗೆ ಆರಿಸುವ ಬಲವಿಲ್ಲ. ಡೆನಿಸ್ ಬಾಗಿಲಲ್ಲಿದ್ದಳು. ಡೆನಿಸ್, ಡೆನಿಸ್ ಎಂದು ಫೋನಿನಲ್ಲೇ ಕೂಗಿದೆ. ಅವಳಿಗೆ ಹೇಗೆ ಕೇಳಬೇಕು?

ಬಲಗಿವಿಯಲ್ಲಿ, ಅಣ್ಣನ ಉಸಿರಿನ ಹಿಂದೆ, ಲೈಲ್ ಮೆಲ್ಲನೆ ಹೇಳುತ್ತ ಬಂದ. ಚೆಂಡು ಹಿಂದಕ್ಕೆ ಬಂತು. ಇಟ್ಟರು. ಒದ್ದ. ಎತ್ತರ ಇದೆ, ಬಲ ಇದೆ. ನಾನು ಕಣ್ಣು ಮುಚ್ಚಿಕೊಂಡೆ. ಒಂದೇ ಸೋಲನ್ನು ಎರಡು ಸಲ ಕೇಳಿಸಿಕೊಂಡೆ. ಎಡಕ್ಕೆ. ಎಡಕ್ಕೆ ಹೋಯ್ತು.

ಗ್ರಾನ್‌ವಿಕ್‌ನವರ ಕೇಕೆ ಅವನ ಹಾಸಿಗೆಯ ಮೇಲೆ ನಡೆದೇ ಇತ್ತು. ಇಷ್ಟು ವರ್ಷದ ಮೇಲೆ ಸಿಕ್ಕ ಅಣ್ಣನಿಗೆ ಕೊನೆಗೆ ನಾನು ಕೊಟ್ಟಿದ್ದು ಇದು, ಎತ್ತಿಕೊಟ್ಟು ಕಸಿದುಕೊಂಡೆ ಎಂದು ನನ್ನನ್ನೇ ಶಪಿಸಿಕೊಂಡೆ.

ಆಗ ಅವನು ಹೇಳಿದ. ನಿಧಾನವಾಗಿ, ನಡುನಡುವೆ ಉಸಿರು ತೆಗೆದುಕೊಂಡು.

"ಗೆದ್ವಿ ಕಣೇ, ಆರ್ಡಿಸ್. ಕೇಳಿಸ್ತು ನಂಗೆ."

ಡೆನಿಸ್ ಒಳಗೆ ಬಂದಳು. ಯಾಕೆ ಅಳುತ್ತಿದ್ದೀಯ, ಏನಾಯಿತು ಎಂದು ಗಾಬರಿಯಾದಳು. ಅವನು ಅವಳಿಗೂ ಅದನ್ನೇ ಹೇಳಿದ, ಗ್ರಾನ್‌ವಿಕ್ ಮೇಲೆ ಗೆದ್ದೆವು ಎಂದ. ಅವಳು ಖುಷಿಯಿಂದ ಅವನ ಹಣೆಗೆ ಮುತ್ತಿಟ್ಟ ಸದ್ದು ನನಗೆ ಕೇಳಿಸಿತು. ಆಮೇಲೆ ಅವಳು ಟ್ಯಾಬ್ಲೆಟ್ಟನ್ನು ಆರಿಸಿದಳು.

ಅದಾದ ಮೇಲೆ ಅವನು ನನ್ನೊಡನೆ ಮಾತಾಡಲಿಲ್ಲ. ಭಾನುವಾರದಿಂದ ಎಚ್ಚರವೇ ಇರಲಿಲ್ಲ. ಮಂಗಳವಾರ ಹೋದ.

ಬೂದಿಯನ್ನು ಊರಿಗೆ ತಂದು ಅಪ್ಪ ಅಮ್ಮನ ಪಕ್ಕ ಹೂಳಬೇಕೆಂದು ಹೇಳಿದ್ದನಂತೆ. ಡೆನಿಸ್ ನಮ್ಮೂರ ವಾರಪತ್ರಿಕೆಗೆ ಅವನ ನಿಧನವಾರ್ತೆಯನ್ನು ತಾನೇ ಬರೆದು ಕಳಿಸಿದಳು. ಮಾರನೆಯ ದಿನ ಪತ್ರಿಕೆಯ ಟೆಸ್ ನನಗೆ ಫೋನು ಮಾಡಿದಳು. ಅವಳೂ ನನ್ನ ಬಸ್ಸಿನಲ್ಲಿ ಬೆಳೆದವಳೇ. ಮೊದಲು ಸಂತಾಪ ಹೇಳಿದಳು, ಆಮೇಲೆ ತಡವರಿಸಿದಳು. ನಿಧನವಾರ್ತೆಯ ಕೊನೆಯ ಸಾಲನ್ನು ಓದಿದಳು: ಟೋಲ್ಬರ್ಟ್ ತಂಡ ಗ್ರಾನ್‌ವಿಕ್ಕನ್ನು ಸೋಲಿಸಿದ್ದನ್ನು ತನ್ನ ಕಿವಿಯಾರೆ ಕೇಳಿ, ಮೂರು ದಿನದ ಮೇಲೆ ನೆಮ್ಮದಿಯಿಂದ ಕಣ್ಣು ಮುಚ್ಚಿದರು.

"ಇದು ಹೇಗ್ ಹಾಕೋದು ಹೇಳಿ? ನಿಮ್ಮ ಅತ್ತಿಗೆಗೆ ಗೊತ್ತಿಲ್ಲ ಅನ್ಸುತ್ತೆ. ಊರೆಲ್ಲ ನಗುತ್ತೆ" ಎಂದಳು.

ಅದು ನನಗೆ ಹೊಳೆದಿರಲಿಲ್ಲ ಎಂದಲ್ಲ. ಒಂದು ಸಲ ನಕ್ಕಿದ್ದು ನಲವತ್ತೆಂಟು ವರ್ಷ ಬಂತು. ಇನ್ನೊಂದು ಸಲ, ಸತ್ತ ಮೇಲೆಯೂ ನಗಬೇಕೇ? ಅದಕ್ಕಿಂತ ಹೆಚ್ಚಿನ ಮಾತು ಇನ್ನೊಂದಿತ್ತು. ಕೋಲ್ಬಿ ಆ ಆಟದ ಮೇಲೆ ಮನೆಯಿಂದ ಹೊರಗೆ ಬಂದಿರಲಿಲ್ಲ. ಆ ಸಾಲನ್ನು ಅವನು ಓದಿದರೆ ಬೇಕೆಂದೇ ಚುಚ್ಚಿದಂತೆ ಅನಿಸದೇ? ತಿದ್ದಿಸೋಣವೆಂದರೆ ಡೆನಿಸ್‌ಗೆ ಕಾರಣ ಹೇಳಬೇಕು. ಗಂಡ ಸಾಯುವಾಗ ಆಡಿದ್ದು ಸುಳ್ಳು ಎಂದು ಅವಳಿಗೆ ಹೇಳಬೇಕು. ನಾನು ಟೆಸ್‌ಗೆ ಸಂಜೆಯವರೆಗೆ ತಡಿ ಎಂದೆ.

ರಸ್ತೆ ದಾಟಿ ಹಾರ್ಲನ್ ಮನೆಗೆ ಹೋದೆ. ಅವನು ಗಾಡಿಯ ಬಾನೆಟ್ಟು ಎತ್ತಿಕೊಂಡು ಏನೋ ನೋಡುತ್ತಿದ್ದ. ನಾನು ಎಲ್ಲವನ್ನೂ ಹೇಳಿದೆ, ಹಾರನ್ನಿನ ವಿಷಯವನ್ನೂ ಬಿಡದೆ ಹೇಳಿದೆ. ಅವನು ತಲೆ ಎತ್ತಲಿಲ್ಲ. ಕೊನೆಗೆ ಬಾನೆಟ್ಟು ಮುಚ್ಚಿ ಕೈ ಒರೆಸಿಕೊಂಡ.

"ನಿಮ್ಮ ಮನೆ ಸಾವು, ನಿಮಗೆ ಬೇಕಾದ್ದು ಬರ್ಕೊಳ್ಳಿ. ನನ್ನನ್ನೇನು ಕೇಳ್ತೀಯ" ಎಂದು ಒಳಗೆ ಹೋಗಿ ಬಾಗಿಲು ಹಾಕಿಕೊಂಡ.

ಅರವತ್ತು ವರ್ಷದಿಂದ ನೆರೆಮನೆಯಲ್ಲಿರುವವನು. ನಾನು ಅವನ ಅಂಗಳದಲ್ಲಿ ಮಂಗನ ಹಾಗೆ ನಿಂತಿದ್ದೆ. ಸಂಜೆ ಟೆಸ್‌ಗೆ ಫೋನು ಮಾಡಿ, ಹೇಗಿದೆಯೋ ಹಾಗೇ ಹಾಕು ಎಂದೆ. ತಪ್ಪು ಮಾಡಿದೆ ಎಂದೇ ಅನಿಸುತ್ತಿತ್ತು, ಆದರೂ ಹಾಕಿಸಿದೆ. ಅಣ್ಣ ಕೊನೆಯದಾಗಿ ಆಡಿದ ಮಾತನ್ನು ನಾನು ಸುಳ್ಳು ಮಾಡಲಾರೆ.

ಗುರುವಾರ ಪತ್ರಿಕೆ ಬಂತು. ಯಾರೂ ಫೋನು ಮಾಡಲಿಲ್ಲ. ಕಿರಾಣಿ ಅಂಗಡಿಗೆ ಹೋದರೆ ಸಾಲಿನಲ್ಲಿದ್ದವರು ಹವಾಮಾನದ ಬಗ್ಗೆ ಮಾತಾಡಿದರು. ಇಷ್ಟು ಸುಮ್ಮನಿದ್ದ ಊರನ್ನು ನಾನು ನೋಡಿಯೇ ಇರಲಿಲ್ಲ. ನನಗೆ ಭಯವಾಯಿತು.

ಶನಿವಾರ ಚರ್ಚಿನಲ್ಲಿ ಪ್ರಾರ್ಥನೆ. ಜನ ಬರುವುದಿಲ್ಲ ಎಂದುಕೊಂಡಿದ್ದೆ, ತುಂಬಿಹೋಗಿತ್ತು. ಪ್ರಾರ್ಥನೆಯ ನಂತರ ಕೆಳಗಿನ ಹಾಲಿನಲ್ಲಿ ಹ್ಯಾಮ್ ಸ್ಯಾಂಡ್‌ವಿಚ್ಚು, ಚೀಸು ಹಾಕಿ ಬೇಯಿಸಿದ ಆಲೂಗಡ್ಡೆ. ಡೆನಿಸ್ ಮತ್ತು ನಾನು ಬಾಗಿಲ ಬಳಿ ನಿಂತೆವು, ಜನ ಸಾಲಾಗಿ ಬಂದು ಕೈ ಕುಲುಕಿದರು. ಹಾರ್ಡ್‌ವೇರ್ ಅಂಗಡಿಯ ಮುದುಕ ಡೆನಿಸ್‌ನ ಕೈ ಹಿಡಿದು, ರಾಯ್ಸ್ ಒಳ್ಳೆಯ ಆಟಗಾರ, ಆ ಆಟ ಅವನಿಗೆ ಕೇಳಿಸಿದ್ದು ಒಳ್ಳೆಯದಾಯಿತು ಎಂದ. ನಾನು ಅವನ ಮುಖವನ್ನೇ ನೋಡಿದೆ. ಒಂದು ನಗೆಯ ಗೆರೆಯೂ ಇರಲಿಲ್ಲ. ಹಿಂದಿನಿಂದ ಬಂದ ಲೈಲ್ ನನ್ನನ್ನು ಅಪ್ಪಿಕೊಂಡ. ನಲವತ್ತೆಂಟು ವರ್ಷ ಬಾಯಿ ಮುಚ್ಚದವನಿಗೆ ಮಾತು ಬರಲಿಲ್ಲ. ಹಾರ್ಲನ್ ಬಂದಿರಲಿಲ್ಲ. ನಾನು ಸಾಲು ಮುಗಿಯುವವರೆಗೂ ಬಾಗಿಲು ನೋಡುತ್ತಿದ್ದೆ.

ಸ್ಮಶಾನ ಊರ ಹೊರಗೆ, ಕೊಯ್ದ ಜೋಳದ ಹೊಲದ ಪಕ್ಕ. ಗಾಡಿಗಳೆಲ್ಲ ರಸ್ತೆಯ ಅಂಚಿಗೆ ಸಾಲಾಗಿ ನಿಂತವು. ಪಾದ್ರಿ ಓದಿದ. ಡೆನಿಸ್ ಬೂದಿಯ ಪೆಟ್ಟಿಗೆಯನ್ನು ಗುಂಡಿಯೊಳಗೆ ಇಟ್ಟಳು. ನಾನು ಒಂದು ಹಿಡಿ ಮಣ್ಣು ಹಾಕಿದೆ. ಇಷ್ಟು ಚಿಕ್ಕ ಪೆಟ್ಟಿಗೆಯಲ್ಲಿ ಅಷ್ಟು ಎತ್ತರದ ಅಣ್ಣ.

ಆಗ ರಸ್ತೆಯ ಕಡೆಯಿಂದ ಹಾರನ್ನು ಕೇಳಿಸಿತು. ಉದ್ದಕ್ಕೆ, ನಿಲ್ಲದೆ.

ತಿರುಗಿ ನೋಡಿದೆ. ಸಾಲಿನ ಕೊನೆಯಲ್ಲಿ ಹಾರ್ಲನ್‌ನ ಪಿಕಪ್ಪು ನಿಂತಿತ್ತು. ಹಾರ್ಲನ್ ಒಳಗಿರಲಿಲ್ಲ. ಅವನು ಗಾಡಿಯ ಪಕ್ಕದಲ್ಲಿ, ಟೋಪಿಯನ್ನು ಎದೆಗೆ ಹಿಡಿದುಕೊಂಡು ನಿಂತಿದ್ದ. ಸ್ಟೀರಿಂಗಿನ ಹಿಂದೆ ಕೂತು ಹಾರನ್ನು ಒತ್ತುತ್ತಿದ್ದವನು ಕೋಲ್ಬಿ. ಅವನ ಮುಖ ಅಳುವಿನಿಂದ ಕೆಂಪಾಗಿತ್ತು, ಕೈ ಮಾತ್ರ ಎತ್ತಲಿಲ್ಲ.

ಲೈಲ್ ಕಷ್ಟಪಟ್ಟು ತನ್ನ ಕಾರಿನ ಹತ್ತಿರ ನಡೆದುಹೋಗಿ ಕಿಟಕಿಯಿಂದ ಕೈ ಹಾಕಿ ಒತ್ತಿದ. ಹಾರ್ಡ್‌ವೇರ್ ಅಂಗಡಿಯವನು ಒತ್ತಿದ. ಟೆಸ್ ಒತ್ತಿದಳು. ಒಬ್ಬೊಬ್ಬರಾಗಿ ಎಲ್ಲರೂ ತಮ್ಮ ತಮ್ಮ ಗಾಡಿಯ ಕಡೆ ಹೋದರು. ಹೊಲದ ಆಚೆಯ ಮರದಿಂದ ಕಾಗೆಗಳೆಲ್ಲ ಎದ್ದವು.

ಡೆನಿಸ್ ಬೆಚ್ಚಿ ನನ್ನ ತೋಳು ಹಿಡಿದುಕೊಂಡಳು.

"ಇದೇನು ಆರ್ಡಿಸ್? ಯಾಕೆ ಹೀಗ್ ಮಾಡ್ತಿದಾರೆ?"

"ಗೆದ್ವಲ್ಲ" ಎಂದೆ. "ಗೆದ್ದಾಗ ನಮ್ಮೂರಲ್ಲಿ ಹೀಗೇ."